ನನ್ನ ಗ್ರೀಕ್ ಬಳಗದ ಗುರುವಾರಗಳು

ಗ್ರೀಕ್ ಅಜ್ಜ-ಅಜ್ಜಿಯರ ಕೈಯಾಗ ಒಂದು ಕಾದಂಬರಿ ಕೊಟ್ಟು ಕೂಡಿಸ್ರಿ, ಸಾಕು. ಆ ವಾರ ನಗಲಿಕ್ಕೆ ಬ್ಯಾರೆ ಏನೂ ಹುಡುಕಬೇಕಾಗಿಲ್ಲ.

ನಾನು ಧಾರವಾಡದಾಕಿ. ಮನಿ ಸಿಡ್ನಿಯ ಕ್ವೇಕರ್ಸ್ ಹಿಲ್‌ನಾಗ, ನೌಕರಿ ಒಂದು ಲೈಬ್ರರಿಯೊಳಗ. ಅಲ್ಲಿ ಪ್ರತಿ ಗುರುವಾರ ಗ್ರೀಕ್ ಹಿರಿಯರ ಓದಿನ ಬಳಗ ಕೂಡ್ತದ. ಗ್ರೀಸ್ ಬಗ್ಗೆ, ವಲಸೆ ಬಗ್ಗೆ ಬರೆದ ಕಾದಂಬರಿ ಓದಿ ಮಾತಾಡೋದು. ಅದನ್ನ ನಡಸ್ತಿದ್ದ ಗ್ರೀಕ್ ಹುಡುಗಿ ಕೆಲಸ ಬಿಟ್ಟಾಗ ನಮ್ಮ ಮ್ಯಾನೇಜರ್, "ನಿಮ್ಮದೂ ಹಳೇ ಸಂಸ್ಕೃತಿನೇ ಅಲ್ಲಾ?" ಅಂತ ಬಳಗಾನ ನನ್ನ ಕೊರಳಿಗೆ ಕಟ್ಟಿಬಿಟ್ಲು. ಜೋಡಿಗೆ ಒಂದು ಬೆದರಿಕಿ: ಮ್ಯಾಲಿನ ಆಫೀಸಿನಿಂದ ಒಬ್ಬಾಕಿ ನೋಡ್ಲಿಕ್ಕೆ ಬರ್ತಾಳ, ಆಕಿಗೆ ಸೇರಲಿಲ್ಲಂದ್ರ ಬಳಗ ಬಂದ್. ಆ ಹಿರಿಯರಿಗೆ ವಾರದಾಗ ಮನಿ ಬಿಟ್ಟು ಹೊರಗ ಬರೋ ನೆವ ಇದೊಂದ. ನನಗ ಭಾಳ ಕಾಳಜಿ ಹತ್ತಿತು.

ಅವರು ಮಾತಾಡೋದು ಇಂಗ್ಲಿಷ್. ಆದ್ರ ಆ ಧಾಟಿ, ಆ ಜೋರು ನನ್ನ ಕಿವಿಗೆ ಥೇಟ್ ಧಾರವಾಡ. ಹಂಗ ಬರೀತೀನಿ.

೧. ಓದದವರ ಜಗಳ

ಮೊದಲನೇ ದಿನ ಗ್ರೀಸ್‌ನ ಮಿಲಿಟರಿ ಆಡಳಿತದ ಕಾಲದ ಒಂದು ಕಾದಂಬರಿ. ಬಳಗದಾಗ ಇಬ್ಬರು ಅಜ್ಜಂದಿರು. ಒಬ್ಬರು ಅಂಗಡಿ ನಡಿಸಿದವರು, ಇನ್ನೊಬ್ಬರು ಟೇಲರ್. ಹರೇದಾಗ ಇಬ್ಬರೂ ಸಿಡ್ನಿಗೆ ಬಂದು ಒಂದ ಖೋಲಿಯೊಳಗ ಇದ್ದವರು. ರಾಜಕೀಯ ಬಂತಂದ್ರ ಮಾತ್ರ ಹಾವು-ಮುಂಗುಸಿ.

"ಮಿಲಿಟರಿಯವರು ರಸ್ತೆ ಮಾಡಿಸಿದ್ರು" ಅಂದ್ರು ಅಂಗಡಿ ಅಜ್ಜ.

"ಹೌದು, ಆ ರಸ್ತೆ ಮ್ಯಾಲೆ ನಮ್ಮ ಅಣ್ಣನ್ನ ಜೈಲಿಗೆ ಒಯ್ದ್ರು" ಅಂದ್ರು ಟೇಲರ್ ಅಜ್ಜ.

ಮುಗೀತು. ಮೇಜು ಗುದ್ದಿದ್ರು, ಕುರ್ಚಿ ದೂಡಿದ್ರು. ಬಾಜೂ ಖೋಲಿಯೊಳಗ ಕಥಿ ಕೇಳ್ತಿದ್ದ ಕೂಸುಗಳು ಇಲ್ಲಿ ಬಂದು ಬಾಗಲದಾಗ ನಿಂತ್ವು. ನಾ ಕೈ ಮುಗಿದು, "ಅಜ್ಜಾರ, ಕಾದಂಬರಿಯೊಳಗ ಏನದ, ಅದನ್ನರ ಹೇಳ್ರಿ" ಅಂದೆ. ಇಬ್ಬರೂ ಪುಸ್ತಕದ ರಟ್ಟು ತಿರುವಿ ನೋಡ್ಲಿಕ್ಕೆ ಹತ್ತಿದ್ರು. ಒಬ್ಬರೂ ಒಂದು ಪುಟ ತೆಗೆದಿರಲಿಲ್ಲ.

"ಓದೋದೇನದ ಅದರಾಗ?" ಅಂದ್ರು ಟೇಲರ್ ಅಜ್ಜ. "ಬರದಾವ ಯಾವ ಪಾರ್ಟಿ ಅಂತ ಗೊತ್ತದಲ್ಲ!"

೨. ದಾಲ್ಚಿನ್ನಿ ವಿಮರ್ಶೆ

ಇನ್ನೊಂದು ಕಾದಂಬರಿಯೊಳಗ ನಾಯಕಿಯ ತಾಯಿ ಊರಾಗ ಸಾಯ್ತಾಳ, ಮಗಳಿಗೆ ಆಸ್ಟ್ರೇಲಿಯಾದಿಂದ ಹೋಗ್ಲಿಕ್ಕೆ ಆಗೂದಿಲ್ಲ. ಓದಿ ನನಗಂತೂ ಕಣ್ಣೀರು ನಿಲ್ಲಲಿಲ್ಲ. ಗುರುವಾರ ನೋಡಿದ್ರ ಅಜ್ಜಿಯರ ಮಾರಿ ಗಂಟು ಹಾಕಿತ್ತು. "ಯಾಕ್ರೀ, ಸೇರಲಿಲ್ಲೇನು?" ಅಂತ ಕೇಳಿದೆ.

"ಆ ತಾಯಿ ಬದನಿಕಾಯಿ ಖೀಮಾಕ್ಕ ದಾಲ್ಚಿನ್ನಿನ ಹಾಕಿಲ್ಲ. ಅಂಥಾಕಿ ಇದ್ದರೆಷ್ಟು, ಹೋದರೆಷ್ಟು!"

೩. ಮೆಲ್ಬರ್ನ್‌ನ ಕವಿಗೋಷ್ಠಿ

ಮೆಲ್ಬರ್ನ್‌ನಾಗ ಗ್ರೀಕ್ ಕವಿಗೋಷ್ಠಿ ಇತ್ತು. ಅಜ್ಜಿಯರು ನನ್ನನ್ನೂ ಎಳಕೊಂಡು ಹೋದ್ರು. ಬಾಜೂ ಕೂತ ಮೆಲ್ಬರ್ನ್ ಅಜ್ಜಿ, ಲಗ್ನ ಆಗ್ಯದೇನು, ಸ್ವಂತ ಮನಿಯೋ ರೆಂಟೋ, ಒಂದ ಕೂಸು ಯಾಕ ಅಂತ ಶುರು ಮಾಡಿದ್ಲು. ಈ ದೇಶದಾಗ ಕಾಯಂ ಇರ್ಲಿಕ್ಕೆ ನಾ ಹಾಕಿದ ಪಿಆರ್ ಅರ್ಜಿಯೊಳಗೂ ಇಷ್ಟು ಕೇಳಿರಲಿಲ್ಲ.

ಅಷ್ಟರಾಗ ಅಲ್ಲೇ ಹುಟ್ಟಿ ಬೆಳೆದ ಒಬ್ಬ ಹುಡುಗಿ ತನ್ನ ಅಜ್ಜಿ ಮ್ಯಾಲೆ ಇಂಗ್ಲಿಷ್‌ನಾಗ ಬರೆದ ಕವಿತಾ ಓದಿದ್ಲು. ಛಲೋ ಇತ್ತು. ಮುಗಿಯೋದ ತಡ, ನಮ್ಮ ಅಜ್ಜಿಯರೆಲ್ಲಾ ಎದ್ದು ಹೋಗಿ ಆ ಹುಡುಗಿ ಕಡೆ "ಥೂ, ಥೂ, ಥೂ" ಅಂದ್ರು. ಅಯ್ಯೋ ಶಿವನ, ಇಷ್ಟು ಅಪಮಾನ ಮಾಡಬಾರದಿತ್ತು ಅಂತ ನನಗ ಅನಿಸಿತು. ಆಮ್ಯಾಲ ತಿಳೀತು, ಅದು ದೃಷ್ಟಿ ಆಗಬಾರದು ಅಂತ ಅವರು ಮಾಡೋ ಪದ್ಧತಿ.

ಹುಡುಗಿ ಸಪ್ಪ ಮಾರಿ ಮಾಡಿ ಸೀದಾ ನನ್ನ ಹತ್ರ ಬಂದ್ಲು. "ಆಂಟಿ, ನೀವೊಬ್ಬರ ಉಗುಳಲಿಲ್ಲ. ಕವಿತಾ ಸೇರಲಿಲ್ಲೇನು?"

೪. ಪರೀಕ್ಷೆಯ ಗುರುವಾರ

ಕಡೀಕೆ ಮ್ಯಾಲಿನ ಆಫೀಸಿನಾಕಿ ಬಂದ್ಲು. ಹಿಂದಿನ ವಾರ ನಾ ಎಲ್ಲಾರ ಕೈ ಹಿಡಕೊಂಡು, "ಅದೊಂದು ದಿನ ಜಗಳ ಆಡಬ್ಯಾಡ್ರಿ, ಬಳಗ ಉಳೀಬೇಕು" ಅಂತ ಬೇಡಿಕೊಂಡಿದ್ದೆ. ಪಾಪ, ಮಾತು ಎಷ್ಟು ಉಳಿಸಿಕೊಂಡ್ರು ಅಂದ್ರ, ಯಾರೂ ಬಾಯಿನ ತೆಗೀಲಿಲ್ಲ. ಏನು ಕೇಳಿದ್ರೂ "ಪುಸ್ತಕ ಛಲೋ ಅದ" ಅಂತಿದ್ರು, ಅಷ್ಟ. ಆಫೀಸಿನಾಕಿ ಗಡಿಯಾರ ನೋಡಿದ್ಲು. ನನಗ ಅಳು ಬರೋದೊಂದು ಬಾಕಿ.

ಆ ವಾರದ ಕಾದಂಬರಿ, ವರನ ಫೋಟೋ ಒಂದನ್ನ ನೋಡಿ ಹಡಗ ಹತ್ತಿ ಆಸ್ಟ್ರೇಲಿಯಾಕ್ಕ ಬಂದ ವಧುವಿನ ಕಥಿ. ನಾ ಧೈರ್ಯ ಮಾಡಿ, "ಈ ವರ ಯಾರದೋ ಬಂಗಲೆ ಮುಂದ ನಿಂತು ಫೋಟೋ ತೆಗಿಸಿ ಕಳಿಸ್ಯಾನ. ಇದು ಮೋಸ ಅಲ್ಲೇನು?" ಅಂದೆ.

ಅಂಗಡಿ ಅಜ್ಜನ ಹೆಂಡತಿ, ಒಂದು ದಿನಾನೂ ಮಾತಾಡದಾಕಿ, ಪರ್ಸ್ ತೆಗೆದು ಒಂದು ಹಳೇ ಫೋಟೋ ಮೇಜಿನ ಮ್ಯಾಲೆ ಇಟ್ಲು. ಹರೇದ ಅಂಗಡಿ ಅಜ್ಜ ಮಿಂಚೋ ಕಾರಿಗೆ ಆತು ನಿಂತಿದ್ರು.

"ಇದನ್ನ ನೋಡಿ ಹಡಗ ಹತ್ತಿದೆ. ಇಳಿದು ನೋಡಿದ್ರ ಈತ ನಡಕೋತ ಬಂದಿದ್ದ. ಕಾರು ರಿಪೇರಿಗೆ ಹೋಗ್ಯದ ಅಂದ. ಇನ್ನೂ ಬಂದಿಲ್ಲ."

ಅಂಗಡಿ ಅಜ್ಜ ಚಾವಣಿ ನೋಡ್ಲಿಕ್ಕೆ ಹತ್ತಿದ್ರು. ಟೇಲರ್ ಅಜ್ಜ ಚಷ್ಮಾ ಏರಿಸಿ ಫೋಟೋ ನೋಡಿ, "ಲೇ, ಇದು ನನ್ನ ಕಾರು!" ಅಂತ ಚೀರಿದ್ರು. "ತೊಳದು ತರ್ತೀನಿ ಅಂತ ಹೇಳಿ ಒಯ್ದು ಇದನ್ನ ಮಾಡಿದ್ದೇನು? ತಂಗೀ, ನೀ ಬರೋದ್ರಾಗ ನಾ ಅದನ್ನ ಮಾರಿಬಿಟ್ಟಿದ್ದೆ."

ಖೋಲಿ ಹಾರಿಹೋಗೋಹಂಗ ಗದ್ದಲ ಎದ್ದಿತು. ಅರ್ಧ ಮಂದಿ ಮೋಸ ಅಂದ್ರು, ಅರ್ಧ ಮಂದಿ ಪ್ರೀತಿ ಅಂದ್ರು. ಆಫೀಸಿನಾಕಿ ನಕ್ಕು ನಕ್ಕು ಕಣ್ಣು ಒರಸಿಕೊಂಡು, "ಇದನ್ನ ಬಂದ್ ಮಾಡೋದಾ? ಮುಂದಿನ ಗುರುವಾರ ನಾನೂ ಬರ್ತೀನಿ" ಅಂದ್ಲು. ನನ್ನ ಜೀವಕ್ಕ ಜೀವ ಬಂತು.

ಫೋಟೋ ಇಟ್ಟ ಅಜ್ಜಿ ಮಾತ್ರ ಗದ್ದಲದ ನಡುವ ಟೇಲರ್ ಅಜ್ಜನ್ನ ಮ್ಯಾಲಿಂದ ಕೆಳಗಿನ ತನಕ ಸಾವಕಾಶ ನೋಡಿ ಒಂದು ಉಸಿರು ಬಿಟ್ಲು.

"ನಾ ಹೂಂ ಅಂದದ್ದು ಕಾರು ನೋಡಿ. ಖರೇ ಅಂದ್ರ ನಾ ನಿನ್ನ ಮನಿಗೆ ಬರಬೇಕಾಗಿತ್ತು!"