ಕೊಳಾಯಿಯವನು ಹಾಡಿದ ಪಲ್ಲವಿ

ಸಿಂಕಿನ ಕೆಳಗೆ ಅರ್ಧ ಮೈ ತೂರಿಸಿಕೊಂಡಿದ್ದ ಕೊಳಾಯಿ ರಿಪೇರಿಯವನು ಮೆಲ್ಲಗೆ ಹಾಡಿಕೊಳ್ಳತೊಡಗಿದಾಗ, ಪಲ್ಲವಿ ಸಾರ್ ಕೈಯಲ್ಲಿದ್ದ ಕಾಫಿ ಲೋಟ ಜಾರಿ ಬಿತ್ತು.

“ಬೀಗ ಹಾಕಿ ಹೋದೆ ನೀನು, ಬಾಗಿಲಲ್ಲೇ ನಿಂತೆ ನಾನು, ಕೀಲಿ ಯಾರ ಕೈಲಿದೆಯೋ ಹೇಳೇ…”

ಅದು ಅವರದೇ ಹಾಡು! ದನಿ ಆಚೆ ಹೋಗದಂತೆ ಹಿಂದಿನ ಕೋಣೆಯ ಗೋಡೆಗೆಲ್ಲ ಹಳೇ ಹಾಸಿಗೆ ಬಡಿದು, ಕಿಟಕಿ ಮುಚ್ಚಿ, ಮೂರು ವಾರ ಬೆವರು ಸುರಿಸಿ ಕಟ್ಟಿದ್ದು.

ಇಪ್ಪತ್ತು ವರ್ಷದಿಂದ ಹಾಡು ಬರೆದು, ರಾಗ ಹಾಕಿ, ರೆಕಾರ್ಡ್ ಮಾಡುವ ಈ ಮನುಷ್ಯನಿಗೆ ‘ಪಲ್ಲವಿ ಸಾರ್’ ಅಂತ ಹೆಸರಿಟ್ಟಿದ್ದು ಬೀದಿಯವರು. ಮೊದಲ ಹಾಡು ಮನೆಮನೆಯಲ್ಲೂ ಮೊಳಗಿತ್ತು. ಆಮೇಲಿನ ನಲವತ್ತೆರಡರಲ್ಲೂ ಪಲ್ಲವಿ ಮಾತ್ರ ಚೆನ್ನಾಗಿತ್ತು. ಚರಣ ಬರುವಷ್ಟರಲ್ಲಿ ಕೇಳುವವರು ಎದ್ದು ಹೋಗಿರುತ್ತಿದ್ದರು. ಈ ಸಲದ್ದು ಹಾಗಲ್ಲ, ಚರಣವೂ ಕುಣಿಯುತ್ತಿತ್ತು. ಇವತ್ತು ಸಂಜೆ ಐದಕ್ಕೆ ಅದನ್ನು ಹಾಡಿನ ಕಂಪನಿಯ ಯಜಮಾನಿಗೆ ಕೇಳಿಸಬೇಕು. “ಯಾರೂ ಕೇಳಿರದ ಹಾಡು ತನ್ನಿ, ದೊಡ್ಡ ಗಾಯಕಿ ಕೈಲೇ ಹಾಡಿಸ್ತೀನಿ. ಕವರ್ ಮೇಲೆ ನಿಮ್ಮ ಹೆಸರು ಇಷ್ಟು ದಪ್ಪಕ್ಕೆ!” ಎಂದಿದ್ದರು ಆಕೆ.

“ಎಲ್ಲಿ ಕೇಳಿದ್ದಯ್ಯಾ ಇದನ್ನ?”

“ಕಟಿಂಗ್ ಅಂಗಡೀಲಿ ಸಾರ್. ಯಾವುದೋ ಹಳೇ ಹಾಡಿರಬೇಕು.”

ಯಾವತ್ತೋ ಕೇಳಿ ಮರೆತ ಹಾಡನ್ನು ನನ್ನದೆಂದು ಬರೆದುಬಿಟ್ಟೆನೇ? ಪಲ್ಲವಿ ಸಾರ್ ಚಪ್ಪಲಿ ಅದಲುಬದಲು ಮೆಟ್ಟಿಕೊಂಡು ಓಡಿದರು.

ಕಟಿಂಗ್ ಅಂಗಡಿಯಲ್ಲಿ ಐದು ಜನ ಕಾಯುತ್ತಿದ್ದರು. “ಯಾವ ಹಾಡು ಸಾರ್?” ಎಂದ ಕ್ಷೌರಿಕ. ಹಾಡದೆ ಹೇಳುವುದು ಹೇಗೆ? ಹಾಡಿದರು.

“ಓ, ಇದಾ! ‘ನಿಂತೇ ನಾನೂ’ ಅಂತ ಅಲ್ವಾ?”

“ಛೆ, ಹಾಗಲ್ಲಪ್ಪ! ಅಲ್ಲಿ ಸ್ವರ ಇಳೀಬೇಕು.” ಕೆಲಸದ ಅಭ್ಯಾಸ, ಬಿಡಲಾಗಲಿಲ್ಲ. ಕ್ಷೌರಿಕನಿಗೆ ತಿದ್ದಿ ಹೇಳಿಕೊಟ್ಟರು. ಮುಖಕ್ಕೆಲ್ಲ ನೊರೆ ಬಳಿದುಕೊಂಡಿದ್ದ ಗಿರಾಕಿಯೂ ಕಲಿತ. ಕಾಯುತ್ತಿದ್ದವರು ತಾಳ ಹಾಕಿದರು.

“ನಾನು ಪಕ್ಕದ ಟೈಲರಮ್ಮನ ಹತ್ರ ಕೇಳಿದ್ದು” ಎಂದ ಕ್ಷೌರಿಕ ಕೊನೆಗೆ.

ಟೈಲರಮ್ಮನ ಅಂಗಡಿಯಲ್ಲಿ ಎಂಟು ಮೆಷಿನ್ನು, ಎಂಟು ಜನ ಹೆಂಗಸರು. “ಚರಣಾನೂ ಇದೆಯಾ? ಹಾಡಿ ಸಾರ್, ಕೇಳಿದ್ರೆ ನೆನಪಾಗುತ್ತೆ” ಎಂದರು ಟೈಲರಮ್ಮ. ಚರಣವನ್ನೂ ಹಾಡಿದರು. ಎಂಟು ಮೆಷಿನ್ನುಗಳು ಗಡಗಡ ಲಯ ಹಿಡಿದವು. ಮೂರು ಸಲ ಆದಮೇಲೆ ಟೈಲರಮ್ಮನಿಗೆ ನೆನಪಾಯಿತು.

“ಅಯ್ಯೋ, ನಿಮ್ಮತ್ತೇನೇ ಅಲ್ವಾ! ಅಳತೆ ಕೊಡೋಕೆ ಬಂದಾಗ ಗುನುಗ್ತಾ ಇದ್ರು.”

ಅತ್ತೆಯೆ? ತರಕಾರಿ ಹೆಚ್ಚಿಕೊಡಿ ಎಂದರೆ ‘ಕಿವಿ ಕೇಳಿಸಲ್ಲಪ್ಪ’ ಎನ್ನುವ ಅತ್ತೆಯೆ? ಪಲ್ಲವಿ ಸಾರ್ ಏದುಸಿರು ಬಿಡುತ್ತ ಮನೆಗೆ ಬಂದರು.

“ಅತ್ತೇ, ‘ಬೀಗ ಹಾಕಿ ಹೋದೆ’ ನಿಮಗೆ ಯಾರು ಹೇಳಿಕೊಟ್ಟಿದ್ದು?”

“ಹೇಳಿಕೊಡೋದೇನು ಬಂತು? ಮೂರು ವಾರದಿಂದ ಗೋಡೆ ಆಚೆ ನೀವೇ ಅರಚ್ತಾ ಇದ್ದೀರಲ್ಲ, ಅಳಿಯಂದಿರೇ! ಹಾಸಿಗೆ ಬಡಿದ್ರೆ ನಿಲ್ಲೋ ಗಂಟಲಾ ನಿಮ್ಮದು?”

ಪಲ್ಲವಿ ಸಾರ್ ಆನಂದಕ್ಕೆ ಅತ್ತೆಯ ಕಾಲಿಗೇ ಬಿದ್ದರು. ಹಾಡು ತನ್ನದೇ! ಅಪ್ಪಟ ತನ್ನದೇ! ಆಗಲೇ ಗಂಟೆ ನಾಲ್ಕು. ಪೆನ್ ಡ್ರೈವ್ ಜೇಬಿಗಿಳಿಸಿ ಬಸ್ ಹತ್ತಿದರು. ಸಂತೋಷ ತಡೆಯಲಾಗದೆ ದಾರಿಯುದ್ದಕ್ಕೂ ಗಂಟಲೆತ್ತಿ ಹಾಡಿದರು. ಕೊನೆಯ ಸೀಟಿನವರು “ಇನ್ನೊಂದ್ಸಲ!” ಎಂದು ಕೂಗಿದರು, ಕಂಡಕ್ಟರ್ ಸೀಟಿ ಊದಿ ಸಾಥ್ ಕೊಟ್ಟ. ಇಪ್ಪತ್ತು ವರ್ಷದಲ್ಲಿ ಅಂಥ ಸಂಜೆ ಅವರ ಪಾಲಿಗೆ ಬಂದಿರಲಿಲ್ಲ.

ಯಜಮಾನಿ ಕಣ್ಣು ಮುಚ್ಚಿ ಹಾಡನ್ನು ಪೂರ್ತಿ ಕೇಳಿದರು. ಕಣ್ಣು ತೆರೆದಾಗ ಒದ್ದೆಯಾಗಿತ್ತು.

“ಅದ್ಭುತ! ನಾಳೆಯೇ ರೆಕಾರ್ಡಿಂಗ್. ಈ ವರ್ಷ ಇದನ್ನ ಮೀರಿಸೋ ಹಾಡಿಲ್ಲ.” ಆಮೇಲೆ ಮೆಚ್ಚುಗೆಯಿಂದ ತಲೆಯಾಡಿಸಿದರು. “ಇಂಥ ಜಾನಪದ ಗೀತೆ ಎಲ್ಲಿ ಹುಡುಕಿದ್ರಿ?”

“ಜಾನಪದ? ಮೇಡಂ, ಇದು ನಾನು ಬರೆದಿದ್ದು!”

ಯಜಮಾನಿ ನಕ್ಕರು. “ತಮಾಷೆ ಮಾಡ್ಬೇಡಿ. ನನ್ನ ಗಂಡ ಮಧ್ಯಾಹ್ನ ಕಟಿಂಗ್ ಮಾಡಿಸ್ಕೊಂಡು ಬಂದಾಗಿಂದ ಇದನ್ನೇ ಹಾಡ್ತಿದ್ದಾರೆ. ಬಟ್ಟೆ ತಂದುಕೊಟ್ಟ ಟೈಲರಮ್ಮನಿಗೆ ಚರಣಾನೂ ಬಾಯಿಪಾಠ. ಲಿಫ್ಟಿನವನಂತೂ ಅವರಜ್ಜಿ ಹಾಡ್ತಿದ್ರು ಅಂತಾನೆ! ಕವರ್ ಮೇಲೆ ‘ಸಾಹಿತ್ಯ, ಸಂಗೀತ: ಜಾನಪದ’ ಅಂತಲೇ ಹಾಕ್ಬೇಕು. ಇಲ್ದಿದ್ರೆ ಜನ ನಿಮ್ಮನ್ನ ಕಳ್ಳ ಅಂದಾರು.”

ಪಲ್ಲವಿ ಸಾರ್ ಎಷ್ಟು ಬೇಡಿಕೊಂಡರೂ ಆಕೆ ಜಗ್ಗಲಿಲ್ಲ. ಹೊರಗೆ ಬಂದರೆ ಬಸ್ ಸ್ಟಾಪಿನ ಸಾಲಿಗೆ ಸಾಲೇ ಆ ಹಾಡು ಗುನುಗುತ್ತಿತ್ತು. ನಗಬೇಕೋ ಅಳಬೇಕೋ ತಿಳಿಯದೆ ಅವರೂ ದನಿಗೂಡಿಸಿದರು.

ಪಕ್ಕದಲ್ಲಿ ನಿಂತಿದ್ದ ಮುದುಕರೊಬ್ಬರು ಭುಜ ತಟ್ಟಿದರು. “ಗೊತ್ತಿಲ್ಲದ ಹಾಡಿಗೆ ಬಾಯಿ ಹಾಕಬಾರದಪ್ಪ. ‘ಕೈಲಿದೆಯೋ’ ಅಲ್ಲ, ‘ಕೈಲಿತ್ತೋ’. ಎಲ್ಲಿ, ನನ್ನ ಹಿಂದೆ ಹೇಳು.”

ಪಲ್ಲವಿ ಸಾರ್ ಹೇಳಿದರು. ಮೂರನೇ ಸಲಕ್ಕೆ ಸರಿಬಂತೆಂದು ಮುದುಕರು ಬೆನ್ನು ತಟ್ಟಿದರು.