ಮಲ್ಲೇಶ ಬದುಕಿಸಿದ ನೇಕಾರರು

ಮಲ್ಲೇಶ ತುಂಬದೆ ಬಿಟ್ಟದ್ದು ಒಂದೇ ಖಾನೆ. ಬೆಳಿಗ್ಗೆ ಹತ್ತರೊಳಗೆ ನಾರಾಯಣಪೇಟೆಯ ನೇಕಾರರೆಲ್ಲ ಸತ್ತುಹೋದರು.

ತೆಲಂಗಾಣ ಬಂದ ಹೊಸತು. ಹೊಸ ರಾಜ್ಯಕ್ಕೆ ಹೊಸ ಲೆಕ್ಕ ಬೇಕೆಂದು, ಕಂಪ್ಯೂಟರಿನ ಜಾವಾ ಭಾಷೆ ಕಲಿತು ಖಾಲಿ ಕೂತಿದ್ದ ಅವನನ್ನು ನೇಕಾರರ ಸಂಘ ದಿನಗೂಲಿಗೆ ಕರೆದಿತ್ತು. ಅವನ ಮನೆ ನಡೆಯುತ್ತಿದ್ದುದು ಆ ಕೂಲಿ ಮತ್ತು ಅವ್ವನ ವಿಧವಾ ಪಿಂಚಣಿಯ ಮೇಲೆ. ಅವನು ‘ನೇಕಾರ’ ಎಂಬ ಪುಟ್ಟ ಕ್ಲಾಸ್ ಬರೆದ. ಕ್ಲಾಸ್ ಎಂದರೆ ಇಟ್ಟಿಗೆಯ ಅಚ್ಚಿನಂತೆ: ಹೆಸರು, ಮಗ್ಗ, ಬದುಕಿದ್ದಾರೆಯೇ ಎಂಬ ಖಾನೆಗಳು, ಒತ್ತಿದಂತೆಲ್ಲ ಸಂಘದ ಹಳೆಯ ಪಟ್ಟಿಯ ಒಬ್ಬೊಬ್ಬ ನೇಕಾರ ಹೊರಬರುತ್ತಾನೆ. ಕೊನೆಯ ಖಾನೆ ಖಾಲಿ ಬಿಟ್ಟರೆ ಯಂತ್ರ ‘ಇಲ್ಲ’ ಎಂದೇ ತಿಳಿಯುತ್ತದೆಂಬುದನ್ನು ಮರೆತಿದ್ದ.

“ಏನೋ ಮಲ್ಲೇಶ, ನಾ ಸತ್ತೀನಂತ?” ಸಂಘದ ಕಚೇರಿಯ ಕಿಟಕಿಯಲ್ಲಿ ಮುದುಕಿ ಬುಗ್ಗಮ್ಮ ಗುಡುಗಿದಳು. “ಮತ್ತ ಮುಂಜಾನಿಂದ ಪಿಂಚಣಿ ಸಾಲಿನಾಗ ನಿಂತಾಕಿ ಯಾರು, ನನ್ನ ದೆವ್ವೇನು?”

“ಸುಮ್ಕಿರವ್ವ, ಬದುಕಿದ್ದಾಗ ಯಾವ ಸರ್ಕಾರ ನಿನ್ನ ಕೇಳಿತ್ತು?” ಎಂದ ಕಾರ್ಯದರ್ಶಿ ಮಹಾಂತಯ್ಯ ಮಲ್ಲೇಶನತ್ತ ತಿರುಗಿದ. “ಸಂಜಿಗೆ ಈ ಪಟ್ಟಿ ಹೈದ್ರಾಬಾದಿಗೆ ಹೋಗಬೇಕು. ಅಷ್ಟರಾಗ ಎಲ್ಲಾರೂ ಎದ್ದು ಕುಂದ್ರಬೇಕು. ಇಲ್ಲಾಂದ್ರ ನಾಳೆ ನೀ ಬರಬ್ಯಾಡ.”

ಸಾವಿನ ಮನೆಗೆ ಬಂದಂತೆ ಎಲ್ಲರೂ ಕಂಪ್ಯೂಟರ್ ಸುತ್ತ ನೆರೆದರು.

“ಜಾತಿಗೊಂದು ಖಾನಿ ಹಾಕು,” ಎಂದಳು ಗುಮಾಸ್ತೆ ಶೈಲಜಾ.

“ಮನಿ ಮಾತು ಕನ್ನಡ ಅಂತ ಮಾತ್ರ ಹಾಕಬ್ಯಾಡಪ್ಪೋ, ರಾಯಚೂರಿನ ಬಸ್ಸು ಹತ್ತಿಸ್ತಾರ,” ಎಂದ ಜವಾನ ಅಂಜಯ್ಯ.

ಮಲ್ಲೇಶ ಬೆವರುತ್ತ ಒಂದೇ ಸಾಲು ಸೇರಿಸಿದ: ಅಚ್ಚಿನಿಂದ ಹೊರಬಂದವರೆಲ್ಲ ಬದುಕಿರಲಿ. ಊರಿಗೆ ಊರೇ ಎದ್ದು ಕೂತಿತು. ಮಹಾಂತಯ್ಯ ಸಂಜೆಗೂ ಕಾಯದೆ ಹೈದರಾಬಾದಿಗೆ ಕಳಿಸಿಬಿಟ್ಟ.

“ನಿನ್ನ ಹೊಟ್ಟಿ ತಣ್ಣಗಿರಲಿ,” ಎಂದಳು ಬುಗ್ಗಮ್ಮ.

ಅವಳ ಹಿಂದೆ ನಿಂತಿದ್ದವಳು ಮಲ್ಲೇಶನ ಅವ್ವ ಚನ್ನವೀರಮ್ಮ. ಶೈಲಜಾ ತೆರೆ ನೋಡಿ ದನಿ ತಗ್ಗಿಸಿದಳು.

“ನಿಮಗಿನ್ನ ಪಿಂಚಣಿ ಬರಂಗಿಲ್ಲಮ್ಮ. ನಿಮ್ಮ ಯಜಮಾನ್ರು ಬದುಕ್ಯಾರಂತ ಐತಿ.”

ಮಲ್ಲೇಶ ಮಹಾಂತಯ್ಯನ ಮುಂದೆ ಕೈಮುಗಿದ. “ನಮ್ಮಪ್ಪ ಹೋದ ದಸರಾಕ್ಕ ಮಗ್ಗದ ಮುಂದ ಕುಂತಲ್ಲೇ ಸತ್ತಾನ್ರಿ. ನೀವ ಮಣ್ಣು ಹಾಕೀರಿ!”

“ಹಾಕೀನಪ್ಪ. ಆದ್ರ ಹೈದ್ರಾಬಾದಿಗೆ ಹೋದದ್ದು ತಪ್ಪು ಅಂದ್ರ ನಾಳೆ ನೀನೂ ಇರಂಗಿಲ್ಲ, ನಾನೂ ಇರಂಗಿಲ್ಲ.”

ಚನ್ನವೀರಮ್ಮ ತೆರೆಯ ಮೇಲೆ ಹೊಳೆಯುತ್ತಿದ್ದ ಗಂಡನ ಹೆಸರನ್ನೇ ನೋಡುತ್ತ ಸೆರಗು ಸರಿಮಾಡಿಕೊಂಡಳು.

“ಬದುಕ್ಯಾರಂದ್ರ ಒಳ್ಳೇದಾತು ಬಿಡ್ರಿ. ಸಂಜಿಗೆ ಮನಿಗೆ ಕಳಿಸಿಕೊಡ್ರಿ. ಅವರು ನೇಯ್ತಿದ್ದ ಸೀರಿ ಅರ್ಧಕ್ಕ ನಿಂತೈತಿ.”