ನಿಲೂರಿಯಾದ ಗವಿಯಲ್ಲಿ ರಾಣಿ ಮಲಗಿದ್ದಾಳೆ

ಎಲ್ಲದಕ್ಕೂ ಕಾರಣ ವಾಚ್‌ಮನ್ ಲಿಫ್ಟಿನ ಬಾಗಿಲು ಹಿಡಿದುಕೊಂಡು ಹೇಳಿದ ಒಂದು ಮಾತು.

"ಮೇಡಂ, ಇವತ್ತು ಮಧ್ಯಾಹ್ನ ಆಫೀಸಿನವರು ಬರ್ತಾರೆ. ಎಲ್ಲ ಫ್ಲ್ಯಾಟಿನ ಒಳಗೂ ಹೋಗಿ ನೋಡ್ತಾರೆ."

ಏನು ನೋಡುತ್ತಾರೆಂದು ಅವನು ಹೇಳಲಿಲ್ಲ, ಚಂದ್ರಮತಿ ಕೇಳಲೂ ಇಲ್ಲ. ಗಲ್ಫಿನ ಹಮ್ದಾನ್ ಸ್ಟ್ರೀಟಿನ ಆ ಹಳೆಯ ಕಟ್ಟಡದಲ್ಲಿ ಯಾರೂ ಕೇಳುವುದಿಲ್ಲ. ಮನೆಯೊಳಗೆ ಪಾರ್ಟಿಶನ್ ಕಟ್ಟಿಸಿಕೊಂಡವರಿಗೆ, ನೋಡಲು ಬರುವವರೆಲ್ಲ ಪಾರ್ಟಿಶನ್ ನೋಡಲೆಂದೇ ಬರುವವರು.

ಚಂದ್ರಮತಿಯ ಮನೆಯ ಹಾಲ್‌ನ ಅರ್ಧಕ್ಕೆ ಹಲಗೆಯ ಗೋಡೆಯೊಂದು ಎದ್ದು ನಿಂತಿತ್ತು. ಅದರ ಹಿಂದೆ ಆಸ್ಪತ್ರೆಯ ನರ್ಸ್ ಮೆಟಿಲ್ಡಾ ಬಾಡಿಗೆಗಿದ್ದಳು. ಕಟ್ಟಡದ ಮಾಲೀಕನಿಗೆ ಇದು ಗೊತ್ತಾದರೆ ಮನೆ ಖಾಲಿ. ಮನೆ ಖಾಲಿಯಾದರೆ ಗಂಡ ರಂಜಿತ್ ಮದೀನತ್ ಜಾಯೆದ್‌ನ ಕಂಪೆನಿ ಕ್ಯಾಂಪಿಗೆ, ಅವಳೂ ಮಗಳೂ ಕಾಪುವಿನ ಅತ್ತೆಮನೆಗೆ. ಅಲ್ಲಿ ಅವಳು ಬರೀ ರಂಜಿತನ ಹೆಂಡತಿ. ಇಲ್ಲಿ ಸಂಜೆ ಸಮುದ್ರದ ಬದಿಗೆ ಒಬ್ಬಳೇ ನಡೆದು ಹೋಗಿ, ಯಾರಿಗೂ ಲೆಕ್ಕ ಕೊಡದೆ ಅಷ್ಟು ಹೊತ್ತು ಕೂತು ಬರಬಹುದಿತ್ತು. ಆ ಕೂರುವಿಕೆ ತಪ್ಪುತ್ತದೆಂದು ಹೊಳೆದದ್ದೇ ಅವಳು ಮನೆಗೆ ಓಡಿದಳು.

ರಂಜಿತನಿಗೆ ಫೋನ್ ಮಾಡಿದಳು. "ಗೋಡೆ ತೆಗಿ," ಎಂದ ಅವನು, ಹಗ್ಗದ ಮೇಲಿನ ಬಟ್ಟೆ ತೆಗಿ ಎಂದಷ್ಟು ಸುಲಭವಾಗಿ. "ಯಾರಾದ್ರೂ ಕೇಳಿದ್ರೆ ನಂಗೆ ಗೊತ್ತಿಲ್ಲ ಅನ್ನು."

ಮೆಟಿಲ್ಡಾಳನ್ನಾದರೂ ಹೊರಗೆ ಕಳಿಸೋಣವೆಂದರೆ ಅವಳು ರಾತ್ರಿಪಾಳಿ ಮುಗಿಸಿ ಬಂದು, ತಲೆಯ ತನಕ ಹೊದ್ದು ಮಲಗಿದ್ದಳು. ಅಲುಗಾಡಿಸಿದರೆ "ಬಿಪಿ ನಾರ್ಮಲ್" ಎಂದು ಹೇಳಿ ಮಗ್ಗುಲು ಬದಲಿಸಿದಳು.

ಎದುರು ಫ್ಲ್ಯಾಟಿನ ಕಾರ್ಮಿನ್ ಕರೆಯದೆಯೇ ಬಂದಳು. ಕಷ್ಟದ ವಾಸನೆ ಅವಳಿಗೆ ಮೀನುಸಾರಿನ ವಾಸನೆಗಿಂತ ಬೇಗ ಸಿಗುತ್ತಿತ್ತು.

"ಎಂತ ಮಾರಾಯ್ತಿ, ಮುಖ ಹೀಗೆ ಮಾಡಿದ್ದು? ಗೋಡೆ ತೆಗಿಲಿಕ್ಕೆ ಆಗುದಿಲ್ವಾ? ಮುಚ್ಚುವ! ನನ್ನತ್ರ ಗೋದಲಿಯ ಸಾಮಾನೆಲ್ಲ ಉಂಟು."

ಕ್ರಿಸ್‌ಮಸ್‌ಗೆ ಬಾಲಯೇಸುವಿನ ಗೋದಲಿ ಮಾಡುವುದರಲ್ಲಿ ಕಾರ್ಮಿನ್ ಎತ್ತಿದ ಕೈ. ದಪ್ಪ ಕಾಗದ ಮುದ್ದೆ ಮಾಡಿ, ಕಂದು ಬಣ್ಣ ಬಳಿದು ಅವಳು ಎಬ್ಬಿಸಿದ ಬಂಡೆಗಳನ್ನು ನೋಡಲು ಕಟ್ಟಡದವರೆಲ್ಲ ಬರುತ್ತಿದ್ದರು.

"ಗೋದಲಿ ಜನವರಿಯಲ್ಲಿ ಯಾಕೆ ಅಂತ ಕೇಳಿದ್ರೆ?" ಎಂದಳು ಚಂದ್ರಮತಿ.

ನೆಲದಲ್ಲಿ ಕೂತು ಚಿತ್ರ ಬಿಡಿಸುತ್ತಿದ್ದ ಮಗಳು ಭವ್ಯಶ್ರೀ ತಲೆಯೆತ್ತದೆ ಹೇಳಿದಳು: "ಇಟ್ಸ್ ನಿಲೂರಿಯಾ."

ನಿಲೂರಿಯಾ ಅವಳೇ ಕಟ್ಟಿದ ಲೋಕ. ಅಲ್ಲಿ ಸೂರ್ಯನಿಲ್ಲ, ನೆಲದಡಿಯಲ್ಲಿ ಒಂದಕ್ಕೊಂದು ಸೇರಿದ ಗವಿಗಳು ಮಾತ್ರ. ಗವಿಯ ಕಲ್ಲುಗಳು ತಾವಾಗಿ ಹೊಳೆಯುತ್ತವೆ. ನಿಜ ಹೇಳಿದರೆ ನೀಲಿ, ಸುಳ್ಳು ಹೇಳಿದರೆ ಕೆಂಪು.

ಸರಿ, ಸ್ಕೂಲ್ ಪ್ರಾಜೆಕ್ಟ್ ಎಂದರಾಯಿತು! ಊಟದ ಹೊತ್ತು ಕಳೆಯುವುದರೊಳಗೆ ಹಲಗೆಯ ಗೋಡೆ ಮಾಯವಾಗಿ, ಛಾವಣಿಯವರೆಗೆ ಬಂಡೆ ಬೆಳೆಯಿತು. ಥರ್ಮಾಕೋಲಿನ ಕಲ್ಲುಗಳು, ಮಿನುಗುವ ಕಾಗದ, ಬಂಡೆಯ ಸಂದುಗಳಲ್ಲಿ ಬಣ್ಣದ ಸೀರಿಯಲ್ ಬಲ್ಬು. ಮೆಟಿಲ್ಡಾ ಹೊರಗೆ ಬರಲೆಂದು ಅವಳ ತೆರೆದ ಬಾಗಿಲಿನೆದುರು, ಬಂಡೆಯ ಬುಡದಲ್ಲಿ, ಒಬ್ಬರು ತೆವಳುವಷ್ಟು ಸಂದು ಬಿಟ್ಟು ಗವಿಯ ಬಾಯಿ ಮಾಡಿದರು. ಕಿಟಕಿಯ ಪರದೆ ಎಳೆದು ಸ್ವಿಚ್ ಹಾಕಿದಾಗ ಇಡೀ ಬೆಟ್ಟ ಒಳಗಿನಿಂದ ಉಸಿರಾಡುವ ಹಾಗೆ ಹೊಳೆಯಿತು. ಚಂದ್ರಮತಿ ಒಂದು ಗಳಿಗೆ ಭಯವನ್ನೇ ಮರೆತಳು.

ಆಗ ಬೆಲ್ ಹೊಡೆಯಿತು.

ಬಾಗಿಲಲ್ಲಿ ವಾಚ್‌ಮನ್, ಅವನ ಹಿಂದೆ ಫೈಲು ಹಿಡಿದ, ಕೋಟು ಹಾಕಿದ ಒಬ್ಬ. ಕತ್ತಿನ ಕಾರ್ಡು ತಿರುಗಿಬಿದ್ದು ಹೆಸರು ಕಾಣಿಸಲಿಲ್ಲ. ಬಂದವನು ಇಂಗ್ಲಿಷಿನಲ್ಲಿ ನಮಸ್ಕರಿಸಿ ಒಳಗೆ ಬಂದ, ಬೆಟ್ಟದೆದುರು ನಿಂತುಬಿಟ್ಟ.

"ವಾಟ್ ಈಸ್ ದಿಸ್?"

"ಸ್ಕೂಲ್ ಪ್ರಾಜೆಕ್ಟ್, ಸರ್," ಎಂದಳು ಚಂದ್ರಮತಿ.

ಸೀರಿಯಲ್ ಬಲ್ಬು ತನ್ನ ಸರದಿಯಂತೆ ಕೆಂಪಾಯಿತು.

"ಅಮ್ಮಾ, ರೆಡ್!" ಎಂದಳು ಭವ್ಯಶ್ರೀ ಸಂತೋಷದಿಂದ.

ಕಾರ್ಮಿನ್ ಪಕ್ಕದಲ್ಲೇ ಪಿಸುಗುಟ್ಟಿದಳು: "ಹೆದರ್ಬೇಡ. ಈ ಮನುಷ್ಯನಿಗೆ ಕನ್ನಡ ಎಲ್ಲಿ ಗೊತ್ತುಂಟು? ಪಾರ್ಟಿಶನ್ ಕಾಣುವುದಿಲ್ಲ. ಮೆಟಿಲ್ಡಾ ಗೊರಕೆ ಹೊಡೀದಿದ್ರೆ ಸಾಕು."

ಮೆಟಿಲ್ಡಾ ಹೊಡೆದಳು. ಬೆಟ್ಟದ ಹೊಟ್ಟೆಯಿಂದ, ಹಳೆಯ ಏಸಿ ಶುರುವಾಗುವಂತಹ ಸದ್ದು.

ಫೈಲಿನವನು ಬಗ್ಗಿ ಮೊಬೈಲಿನ ಬೆಳಕನ್ನು ಗವಿಯೊಳಗೆ ಬಿಟ್ಟ. ನೀಲಿ ಹೊಳಪಿನ ಆಚೆ, ಹೊದಿಕೆಯಿಂದ ಹೊರಬಂದ ಒಂದು ಪಾದ ಕಾಣುತ್ತಿತ್ತು. ಚಂದ್ರಮತಿಗೆ ಕಾಪುವಿನ ಬಸ್‌ಸ್ಟ್ಯಾಂಡ್, ಅತ್ತೆಯ ಮುಖ, ಎಲ್ಲ ಒಟ್ಟಿಗೆ ಕಣ್ಣೆದುರು ಬಂದವು.

"ಯಾರೂ ಇಲ್ಲ ಸರ್, ನೋಬಡಿ," ಎಂದಳು. ಬೆಟ್ಟ ಕೆಂಪಾಯಿತು.

ಭವ್ಯಶ್ರೀ ಬಾಯಿಗೆ ಬೆರಳಿಟ್ಟಳು. "ಶ್! ಶೀ ಈಸ್ ದಿ ಕ್ವೀನ್. ಎಬ್ಬಿಸಿದ್ರೆ ಎಲ್ಲ ಲೈಟ್ ಆಫ್ ಆಗ್ತದೆ."

ಅವನು ಸದ್ದಾಗದಂತೆ ಹಿಂದೆ ಸರಿದು ಎದ್ದು ನಿಂತ. ಮಂಡಿ ಒರೆಸಿಕೊಂಡ. ಛಾವಣಿ ನೋಡಿದ. ಆಮೇಲೆ ತಿರುಗಿ, ಅಚ್ಚ ಮಂಗಳೂರು ಕನ್ನಡದಲ್ಲಿ ಹೇಳಿದ:

"ಅಕ್ಕ, ನನ್ನ ಹೆಸರು ಫ್ಲಾಯ್ಡ್. ಊರು ಕಿನ್ನಿಗೋಳಿ."

ಕಾರ್ಮಿನ್ ಗೋಡೆಗೆ ಒರಗಿದಳು, ಆದರೆ ಅದು ಗೋಡೆಯಲ್ಲ, ಕಾಗದದ ಬಂಡೆ. ಒಂದು ಮೂಲೆ ಕುಸಿಯಿತು.

"ಪಾರ್ಟಿಶನ್ ನನಗೆ ಸಂಬಂಧ ಇಲ್ಲ," ಎಂದ ಫ್ಲಾಯ್ಡ್. "ನಾನೇ ಬನಿಯಾಸಿನಲ್ಲಿ ಪಾರ್ಟಿಶನ್ ರೂಮಿನಲ್ಲಿ ಇರುವುದು. ನಾನು ಬಂದದ್ದು ಸ್ಮೋಕ್ ಡಿಟೆಕ್ಟರ್ ನೋಡ್ಲಿಕ್ಕೆ. ಅದೆಲ್ಲಿ?"

ಎಲ್ಲರೂ ತಲೆಯೆತ್ತಿದರು. ಬೆಟ್ಟದ ತುದಿಯಲ್ಲಿ, ಥರ್ಮಾಕೋಲು, ಕಾಗದ, ಬಲ್ಬಿನ ವೈರುಗಳ ನಡುವೆ ಬಿಳಿಯ ಬಿಲ್ಲೆಯೊಂದು ಉಸಿರುಗಟ್ಟಿ ಇಣುಕುತ್ತಿತ್ತು.

"ಹಲಗೆ ಮಾತ್ರ ಇದ್ದಿದ್ರೆ ಕಣ್ಣು ಮುಚ್ಚಿ ಹೋಗ್ತಿದ್ದೆ, ಅಕ್ಕ. ಆದ್ರೆ ಇದು ಬೆಂಕಿಯ ವಿಷಯ. ಒಳಗೆ ಮನುಷ್ಯರು ಮಲಗಿದ್ದಾರೆ. ಈಗ್ಲೇ ಲೈಟ್ ಆಫ್ ಮಾಡಿ. ನಾಳೆ ಬೆಳಿಗ್ಗೆ ಪುನಃ ಬರ್ತೇನೆ, ಅಷ್ಟರೊಳಗೆ ಇದೆಲ್ಲ ಖಲಾಸ್ ಆಗಿರ್ಬೇಕು. ಇಲ್ಲದಿದ್ರೆ ಮಾಲೀಕರಿಗೆ ಹೇಳ್ಳೇಬೇಕಾಗ್ತದೆ."

ಚಂದ್ರಮತಿ ಓಡಿ ಸ್ವಿಚ್ ಆರಿಸಿದಳು. ಅಷ್ಟೇ ತಾನೇ! ಬೆಟ್ಟ ಬೀಳಿಸಿದರಾಯಿತು. ಮನೆ ಉಳಿಯಿತು, ಸಮುದ್ರದ ಬದಿ ಉಳಿಯಿತು. ಅವಳಿಗೆ ಅಳುವೂ ನಗುವೂ ಒಟ್ಟಿಗೆ ಬಂದವು.

ಇಷ್ಟು ಹೊತ್ತೂ ಮೊಬೈಲು ಹಿಡಿದು ಮೂಲೆಯಲ್ಲಿ ನಿಂತಿದ್ದ ವಾಚ್‌ಮನ್ ಮುಖವರಳಿಸಿ ಮುಂದೆ ಬಂದ.

"ಮೇಡಂ, ಲೈಟ್ ಯಾಕೆ ಆರಿಸಿದ್ರಿ! ನಾನು ವೀಡಿಯೋ ಮಾಡಿ ಅರ್ಬಾಬನಿಗೆ, ನಮ್ಮ ಕಟ್ಟಡದ ಮಾಲೀಕರಿಗೆ, ವಾಟ್ಸಾಪ್ ಕಳಿಸಿದೆ. ಅವರಿಗೆ ಭಾರೀ ಖುಷಿ. ನಾಳೆ ಸಂಜೆ ಮೊಮ್ಮಕ್ಕಳನ್ನೆಲ್ಲ ಕರ್ಕೊಂಡು ಗವಿ ನೋಡ್ಲಿಕ್ಕೆ ಬರ್ತಾರಂತೆ!"

ಬೆಟ್ಟ ಇದ್ದರೆ ಬೆಳಿಗ್ಗೆ ಫ್ಲಾಯ್ಡ್, ಇಲ್ಲದಿದ್ದರೆ ಸಂಜೆ ಹಲಗೆಯ ಗೋಡೆಯೆದುರು ಮಾಲೀಕ. ಫ್ಲಾಯ್ಡ್ ಚಂದ್ರಮತಿಯ ಮುಖ ನೋಡಿದ, ಫೈಲು ನೋಡಿದ, "ದೇವರು ದೊಡ್ಡವನು ಅಕ್ಕ," ಎಂದು ಮೆಲ್ಲನೆ ಬಾಗಿಲು ಎಳೆದುಕೊಂಡು ಹೋದ.

ಗವಿಯ ಬಾಯಿಂದ ಕೆದರಿದ ತಲೆಯೊಂದು ಹೊರಬಂತು.

"ಚಂದ್ರಕ್ಕ," ಎಂದಳು ಮೆಟಿಲ್ಡಾ ತೆವಳಿ ಹೊರಬಂದು ಕಣ್ಣುಜ್ಜುತ್ತ, "ಒಳ್ಳೆ ನಿದ್ರೆ ಬಂತು. ಈ ಲೈಟೆಲ್ಲ ಎಂತಕ್ಕೆ? ನಂಗೆ ನಾಳೆಯಿಂದ ಹಗಲು ಡ್ಯೂಟಿ, ಬರುವಾಗ ರಾತ್ರಿ ಆಗ್ತದೆ, ಸಂಜೆ ಇರುದಿಲ್ಲ."

ಭವ್ಯಶ್ರೀ ಗಾಬರಿಯಾಗಿ ಅಮ್ಮನ ಸೆರಗು ಹಿಡಿದಳು. "ಹಾಗಾದ್ರೆ ನಾಳೆ ಕ್ವೀನ್ ಯಾರು?"

ಚಂದ್ರಮತಿ ಮಂಡಿಯೂರಿ, ಆರಿದ ಗವಿಯೊಳಗೆ ತೆವಳಿ ಹೋಗಿ, ಮೆಟಿಲ್ಡಾಳ ಹೊದಿಕೆ ತಲೆಯ ತನಕ ಎಳೆದುಕೊಂಡಳು.

"ಯಾರಾದ್ರೂ ಕೇಳಿದ್ರೆ," ಎಂದಿತು ಒಳಗಿನಿಂದ ಅವಳ ಸ್ವರ, "ನಂಗೆ ಗೊತ್ತಿಲ್ಲ ಅನ್ನಿ."